ಮಾತಾಡದವರ ಮುಂದೆ ನಿಂತ ಕ್ಯಾಮೆರಾ



ಚಿತ್ರ ನಿರ್ದೇಶಕ ಗೋವಿಂದ ನಿಹಲಾನಿ ಎಂದೊಡನೆ ಬಹಳ ಜನರಿಗೆ 'ಅರ್ಧ್ ಸತ್ಯ' ನೆನಪಾಗುತ್ತದೆ. ನಾನು ಅದಕ್ಕೂ ಹತ್ತು ವರ್ಷ ಹಿಂದಕ್ಕೆ, 1973ರ ನಮ್ಮ 'ಕಾಡು' ಚಿತ್ರಕ್ಕೆ ಹೋಗಬೇಕೆಂದಿದ್ದೇನೆ. ಕಾದಂಬರಿ ಆಲನಹಳ್ಳಿ ಕೃಷ್ಣರದು, ನಿರ್ದೇಶನ ಗಿರೀಶ ಕಾರ್ನಾಡರದು, ಛಾಯಾಗ್ರಹಣ ನಿಹಲಾನಿಯವರದು. ಊರಿನ ದೊಡ್ಡವರ ಹಗೆತನವನ್ನೂ ರಕ್ತಪಾತವನ್ನೂ ಕಿಟ್ಟಿ ಎಂಬ ಹುಡುಗ ಕಣ್ಣಾರೆ ಕಾಣುತ್ತಾನೆ. ಕಂಡದ್ದನ್ನು ಹೇಳುವಷ್ಟು ಮಾತು ಅವನಲ್ಲಿಲ್ಲ. ಹೀಗೆ ಬಾಯಿಲ್ಲದ ಸಾಕ್ಷಿಗಳ ಹತ್ತಿರ ಹೋಗಿ ನಿಲ್ಲುವುದೇ ನಿಹಲಾನಿಯವರ ಜೀವಮಾನದ ಕೆಲಸವಾಯಿತೆಂದು ನಾನು ನಂಬಿದ್ದೇನೆ.

1940ರಲ್ಲಿ ಕರಾಚಿಯಲ್ಲಿ ಹುಟ್ಟಿದವರು. ದೇಶ ಒಡೆದಾಗ ಮನೆಮಂದಿಯೊಡನೆ ಈಚೆ ಬಂದರು. ಛಾಯಾಗ್ರಹಣ ಕಲಿತದ್ದು ನಮ್ಮ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ; ತೇರ್ಗಡೆಯಾದದ್ದು 1962ರಲ್ಲಿ. ಆಮೇಲೆ ಮುಂಬೈಯಲ್ಲಿ ವಿ.ಕೆ. ಮೂರ್ತಿಯವರಿಗೆ ಸಹಾಯಕರಾದರು. 'ಕಾಗಜ್ ಕೆ ಫೂಲ್'ನ ಬೆಳಕನ್ನು ಕಟ್ಟಿದ ಮೈಸೂರಿನ ಮೂರ್ತಿಯವರೂ ಅದೇ ಪಾಲಿಟೆಕ್ನಿಕ್‌ನವರು. ಮುಂದೆ ಶ್ಯಾಮ್ ಬೆನಗಲ್ ಅವರ 'ಅಂಕುರ್', 'ನಿಶಾಂತ್', 'ಮಂಥನ್', 'ಭೂಮಿಕಾ' ಬಂದವು. 'ಜುನೂನ್'ನ ಛಾಯಾಗ್ರಹಣಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು.

ಹೆಸರಾಂತ ಛಾಯಾಗ್ರಾಹಕ ನಿರ್ದೇಶನಕ್ಕಿಳಿದರೆ ಚೆಂದದ ದೃಶ್ಯಗಳ ಚಿತ್ರ ಬರುತ್ತದೆಂದು ಯಾರಾದರೂ ಎಣಿಸಬಹುದು. 1980ರಲ್ಲಿ ಬಂದದ್ದು 'ಆಕ್ರೋಶ್'. ವಿಜಯ್ ತೆಂಡೂಲ್ಕರ್ ಬರೆದ ಕಥೆ. ಹೆಂಡತಿಯನ್ನು ಕೊಂದ ಆರೋಪ ಹೊತ್ತ ಆದಿವಾಸಿ ಲಹಾನ್ಯಾ, ಕೈಗೆ ಬೇಡಿ ತೊಟ್ಟೇ ಅವಳ ಚಿತೆಗೆ ಬೆಂಕಿ ಇಡುತ್ತಾನೆ. ಅವಳನ್ನು ಕೆಡಿಸಿ ಕೊಂದವರು ಊರಿನ ಅಧಿಕಾರಸ್ಥರು. ತನ್ನ ಪರ ನಿಂತ ವಕೀಲನಿಗೂ ಅವನು ತುಟಿ ಬಿಚ್ಚುವುದಿಲ್ಲ. ಮಾತಿಲ್ಲದ ನಾಯಕನನ್ನು ಇಡೀ ಚಿತ್ರದುದ್ದಕ್ಕೂ ಹೊತ್ತು ನಡೆಯುವುದು ಎಂಥ ಸವಾಲು! ಕ್ಯಾಮೆರಾವನ್ನೂ ತಾವೇ ಹಿಡಿದ ನಿಹಲಾನಿ, ಓಂ ಪುರಿಯ ಏರುತಗ್ಗಿನ ಮುಖದ ಮೇಲೆ ಬೆಳಕು ಚೆಲ್ಲಿ ಕಾಯುತ್ತಾರೆ. ನೋಡುತ್ತ ನೋಡುತ್ತ ನಾವೂ ಆ ವಕೀಲನಂತೆ ಕಂಗೆಡುತ್ತೇವೆ. ಕಡೆಗೆ, ಉಳಿದ ತಂಗಿಗೂ ಅದೇ ಗತಿ ಬರಬಾರದೆಂದು ಲಹಾನ್ಯಾ ಅವಳನ್ನೇ ಕೊಡಲಿಯಿಂದ ಕಡಿದು ಕಿರುಚುತ್ತಾನೆ. ಆ ಕೂಗನ್ನು ತಡೆದುಕೊಳ್ಳಲು ನನ್ನಿಂದ ಇಂದಿಗೂ ಆಗುವುದಿಲ್ಲ.

ನಿಹಲಾನಿಯವರ 'ಪಾರ್ಟಿ' ಚಿತ್ರ ಇದಕ್ಕೆ ತದ್ವಿರುದ್ಧ ಅನ್ನಿಸೀತು. ಅಲ್ಲಿ ಔತಣಕ್ಕೆ ಸೇರಿದ ಎಲ್ಲರದೂ ಮಾತೇ ಮಾತು. ಆದರೆ ಅವರೆಲ್ಲರ ಮನಸ್ಸಾಕ್ಷಿಯನ್ನು ಕಾಡುವ ಕವಿ ಅಮೃತ್ ಆ ಔತಣಕ್ಕೆ ಬಂದೇ ಇಲ್ಲ. ಕೊನೆಕೊನೆಯ ಚಿತ್ರಗಳಲ್ಲಿ ಮಾತನ್ನು ತಡೆಹಿಡಿಯುವ ಈ ಬಿಗಿ ಸಡಿಲಿತೆಂಬುದು ನನ್ನ ಅಭಿಪ್ರಾಯ. 'ದೇವ್' ಹೇಳಬೇಕಾದ್ದನ್ನೆಲ್ಲ ಬಾಯಲ್ಲೇ ಹೇಳಿಬಿಡುತ್ತದೆ.

ಅದಕ್ಕೂ ಮುಂಚೆ, ಭೀಷ್ಮ ಸಾಹನಿಯವರ ವಿಭಜನೆಯ ಕಾದಂಬರಿ 'ತಮಸ್' ಅನ್ನು ಧಾರಾವಾಹಿಯಾಗಿಸಲು ಕೈಗೆತ್ತಿಕೊಂಡಾಗ ನಿಹಲಾನಿ ಕ್ಯಾಮೆರಾವನ್ನು ತಮ್ಮ ಗುರು ಮೂರ್ತಿಯವರಿಗೆ ಒಪ್ಪಿಸಿದರು. ವಿಭಜನೆಯನ್ನು ಎಳೆತನದಲ್ಲೇ ಉಂಡ ಶಿಷ್ಯ, ಬೆಳಕಿನ ಪಾಠ ಹೇಳಿಕೊಟ್ಟ ಗುರು: ಈ ಜೋಡಿಯಲ್ಲಿ ಬೆಂಗಳೂರಿನ ಪಾಲೂ ಇದೆ ಎಂದು ನನಗೆ ಹೆಮ್ಮೆ. ಅಲ್ಲಿಯ ನತ್ಥೂ ಕೂಡ ಬಾಯಿ ಕಟ್ಟಿದವನೇ. ತಾನು ಕೊಂದ ಹಂದಿಯಿಂದಲೇ ಕೋಮುಗಲಭೆ ಎದ್ದು ಊರು ಹೊತ್ತಿ ಉರಿಯಿತೆಂದು ಗೊತ್ತಿದ್ದೂ ಊರಿಗೆ ಹೇಳಲಾರ. 1988ರಲ್ಲಿ ದೂರದರ್ಶನದಲ್ಲಿ ಬರುತ್ತಿದ್ದಾಗ ಇದನ್ನು ನಿಲ್ಲಿಸಬೇಕೆಂದು ಕೆಲವರು ನ್ಯಾಯಾಲಯದ ಮೆಟ್ಟಿಲೇರಿದರು. ಬಾಂಬೆ ಹೈಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಧಾರಾವಾಹಿಯನ್ನು ತಾವೇ ಕುಳಿತು ನೋಡಿ, ಪ್ರಸಾರಕ್ಕೆ ಅಡ್ಡಿಯಿಲ್ಲವೆಂದರು. ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು.