ಫಲಕ ಹೇಳುವುದೆಷ್ಟು?



ಸ್ವಂತ ಬಳಕೆಯ ವಾಹನದ ನೋಂದಣಿ ತಕರಾರುಗಳನ್ನು ಚರ್ಚಿಸಲು ಹೆಜಮಾಡಿಗಿಂತ ತಕ್ಕ ಜಾಗ ಸಿಗದು. ಶಾಂಭವಿ ಹೊಳೆ ದಾಟಿದರೆ ಮುಲ್ಕಿ. ಅಲ್ಲಿನ ಗಾಡಿಗಳ ನೋಂದಣಿ ದಕ್ಷಿಣ ಕನ್ನಡದ ಕೆಎ-19, ಇಲ್ಲಿನದು ಉಡುಪಿ ಜಿಲ್ಲೆಯ ಕೆಎ-20. ಇಲ್ಲಿನ ಹೆದ್ದಾರಿ ಟೋಲ್‌ಗೇಟಿನಲ್ಲಿ ಕೆಎ-20 ಗಾಡಿಗಳಿಗೆ ವಿನಾಯಿತಿ ಕೊಡಿ ಎಂಬುದು ಈ ಭಾಗದ ಹಳೆಯ ಬೇಡಿಕೆ. ಅದರಂತೆಯೇ ನಡೆದರೆ ಜಿಲ್ಲೆಯ ಉತ್ತರ ತುದಿಯ ಬೈಂದೂರಿನ ಕಾರು ಪುಕ್ಕಟೆ ಸಾಗುತ್ತದೆ, ಕೂಗಳತೆಯ ಮುಲ್ಕಿಯವರು ದುಡ್ಡು ತೆರುತ್ತಾರೆ. 2008ರ ಹೆದ್ದಾರಿ ಶುಲ್ಕ ನಿಯಮಗಳು ಮಾತ್ರ ಬೇರೆಯೇ ಪ್ರಶ್ನೆ ಕೇಳುತ್ತವೆ. ಸ್ಥಳೀಯರ ಮಾಸಿಕ ಪಾಸಿಗೆ ಗಾಡಿ ವಾಣಿಜ್ಯೇತರವಾಗಿ ನೋಂದಣಿಯಾಗಿರಬೇಕು, ಹಾಗೆಯೇ ಬಳಕೆಯಾಗುತ್ತಿರಬೇಕು, ಓಡಿಸುವವರ ಮನೆ ಟೋಲ್‌ಗೇಟಿನಿಂದ 20 ಕಿ.ಮೀ. ಒಳಗಿರಬೇಕು. ಫಲಕದ ಮೇಲಿನ ಅಂಕಿಯ ಮಾತೇ ಇಲ್ಲ. ನನ್ನ ವಾದವೂ ಇಷ್ಟೆ: ನಂಬರ್ ಪ್ಲೇಟ್ ಗಾಡಿಯ ಗುರುತು. ಮಾಲೀಕರು ಎಲ್ಲಿ ವಾಸಿಸುತ್ತಾರೆ, ಗಾಡಿಯನ್ನು ಯಾತಕ್ಕೆ ಬಳಸುತ್ತಾರೆ ಎಂಬುದಕ್ಕೆ ಅದನ್ನೇ ಸಾಕ್ಷಿಯಾಗಿ ನಿಲ್ಲಿಸಿದಾಗ ವ್ಯಾಜ್ಯ ಹುಟ್ಟುತ್ತದೆ.

ವಾಸದ ಪ್ರಶ್ನೆಯಲ್ಲಿ ನಮ್ಮ ರಾಜ್ಯದ್ದೇ ದೊಡ್ಡ ನಿದರ್ಶನವಿದೆ. 1988ರ ಮೋಟಾರು ವಾಹನ ಕಾಯ್ದೆಯ 47ನೇ ಕಲಮಿನ ಪ್ರಕಾರ, ಬೇರೆ ರಾಜ್ಯದಲ್ಲಿ 12 ತಿಂಗಳು ಮೀರಿ ಇರಿಸಿಕೊಂಡ ಗಾಡಿಗೆ ಮಾತ್ರ ಹೊಸ ನೋಂದಣಿ ಸಂಖ್ಯೆ ಬೇಕು. ಕರ್ನಾಟಕ 2014ರಲ್ಲಿ ತನ್ನ ತೆರಿಗೆ ಕಾಯ್ದೆಗೆ ತಿದ್ದುಪಡಿ ತಂದು, 30 ದಿನ ಮೀರಿದ ಹೊರರಾಜ್ಯದ ಗಾಡಿಗಳಿಗೂ ಆಜೀವ ತೆರಿಗೆ ಹೊರಿಸಿತು. ದುಬಾರಿ ಕಾರಿಗೆ ಅದು ಬೆಲೆಯ ಶೇ. 18ರಷ್ಟಾಗುತ್ತದೆ. ಮಕ್ಕಳನ್ನು ಮಣಿಪಾಲದ ಕಾಲೇಜಿಗೆ ಬಿಟ್ಟವರು, ಕಾಸರಗೋಡಿನಿಂದ ದಿನಾ ಬಂದುಹೋಗುವವರು, ಇಲ್ಲಿಗೇ ಬಂದು ನೆಲೆಸಿದವರು ಎಲ್ಲರೂ ಒಂದೇ ತಕ್ಕಡಿಗೆ ಬಿದ್ದರು. 2016ರಲ್ಲಿ ಹೈಕೋರ್ಟ್ ಆ ತಿದ್ದುಪಡಿಯನ್ನು ರದ್ದುಮಾಡಿತು.

ಬಳಕೆಯ ಪ್ರಶ್ನೆ ಇದಕ್ಕಿಂತ ಸೂಕ್ಷ್ಮ. ಒಂದು ಪ್ರಕರಣದಲ್ಲಿ ಖಾಸಗಿಯಾಗಿ ನೋಂದಣಿಯಾದ ಗಾಡಿ ಬಾಡಿಗೆಗೆ ಓಡುತ್ತಿದ್ದಾಗ ಕಳವಾಯಿತು, ವಿಮಾ ಕಂಪನಿ ಪರಿಹಾರ ನಿರಾಕರಿಸಿತು. 2008ರಲ್ಲಿ ಸುಪ್ರೀಂ ಕೋರ್ಟ್, ಕಳವಿಗೂ ಬಾಡಿಗೆಗೂ ಸಂಬಂಧವಿಲ್ಲವೆಂದು ಕಂಡು, ಪರಿಹಾರದ ಶೇ. 75ರಷ್ಟನ್ನು ಎತ್ತಿಹಿಡಿಯಿತು. ಷರತ್ತು ಮುರಿದದ್ದನ್ನು ನ್ಯಾಯಾಲಯ ಮರೆಯಲಿಲ್ಲ, ಕಾಲು ಭಾಗ ಕಡಿತವಾಯಿತು. ಆದರೆ ಯಾವ ಪ್ರಶ್ನೆಗೆ ಯಾವ ಸಂಗತಿ ಸಲ್ಲುತ್ತದೆ ಎಂಬುದನ್ನು ಬಿಡಿಸಿ ನೋಡಿತು. ಈ ಬಿಡಿಸಿ ನೋಡುವ ತಾಳ್ಮೆಯೇ ರಸ್ತೆಬದಿಯ ತಪಾಸಣೆಯಲ್ಲಿ ಕಾಣೆಯಾಗುವುದು.

ಟ್ಯಾಕ್ಸಿ ಮಾಲೀಕರ ಆಕ್ಷೇಪ ಸಣ್ಣದಲ್ಲ. ಪರ್ಮಿಟ್, ಫಿಟ್‌ನೆಸ್ ಪ್ರಮಾಣಪತ್ರ, ಹೆಚ್ಚಿನ ವಿಮೆ ಎಲ್ಲಕ್ಕೂ ದುಡ್ಡು ಸುರಿಯುವ ಯೆಲ್ಲೋ ಬೋರ್ಡಿನವರ ಬಾಡಿಗೆಯನ್ನು ವೈಟ್ ಬೋರ್ಡಿನವರು ಕಸಿಯುತ್ತಾರೆ. ಫಲಕ ನೋಡಬೇಡಿ ಎಂದರೆ ಕಳ್ಳಬಾಡಿಗೆಗೆ ಬಾಗಿಲು ತೆರೆದಂತಲ್ಲವೇ? ಅಲ್ಲ. ಬಿಳಿ ಫಲಕವೇ ಅಂತಿಮವಾದರೆ ಕಳ್ಳಬಾಡಿಗೆಯವರಿಗೆ ಅದೇ ಗುರಾಣಿ. ನಿಜವಾದ ಬಳಕೆಯನ್ನು ನೋಡುವ ಕಾನೂನೇ ಅವರನ್ನು ಹಿಡಿಯಬಲ್ಲದು. ಪರ್ಮಿಟ್ ಇಲ್ಲದೆ ಬಾಡಿಗೆ ಓಡಿಸಿದರೆ ಮೋಟಾರು ವಾಹನ ಕಾಯ್ದೆಯ 192ಎ ಕಲಮಿನಡಿ 10,000 ರೂ. ದಂಡವೂ ಜೈಲೂ ಇವೆ. ಇನ್ನು, ರಸ್ತೆಯಲ್ಲಿ ನಿಂತ ಅಧಿಕಾರಿಗೆ ಕಣ್ಣಿಗೆ ಬೀಳುವುದು ಫಲಕ ಒಂದೇ ಎನ್ನುವವರಿದ್ದಾರೆ. ಅನುಮಾನಕ್ಕೆ ಅಷ್ಟು ಸಾಕು, ತೀರ್ಮಾನಕ್ಕೆ ಸಾಲದು. ಗಾಡಿ ಯಾವ ದಿನ ಟೋಲ್ ದಾಟಿತು, ಯಾವಾಗ ಮರಳಿತು ಎಂದು ಫಾಸ್ಟ್ಯಾಗ್ ಲೆಕ್ಕವೇ ಹೇಳುವ ಕಾಲವಿದು. ತೆರಿಗೆ ತಪ್ಪಿಸಲೆಂದೇ ಅಗ್ಗದ ರಾಜ್ಯದಲ್ಲಿ ನೋಂದಾಯಿಸಿ ಇಲ್ಲಿ ಓಡಿಸುವವರು ಆ ಲೆಕ್ಕದ ಮುಂದೆ ನಿಲ್ಲಲಾರರು. ನಿಜವಾದ ಪ್ರಯಾಣಿಕರಿಗೆ ಅದೇ ರಕ್ಷೆ.

ಆದ್ದರಿಂದ ಈ ಸಂಕಿರಣದ ಮುಂದೆ ಒಂದು ಕೋರಿಕೆ ಇಡುತ್ತೇನೆ. ಹೊರರಾಜ್ಯದ ಖಾಸಗಿ ಗಾಡಿಗೆ ಕೊಡುವ ತೆರಿಗೆ ನೋಟಿಸಿನಲ್ಲಿ ಗಾಡಿ ಇಲ್ಲಿರುವುದು ಯಾವ ದಿನದಿಂದ, ಅದಕ್ಕೆ ಆಧಾರವೇನು ಎಂಬ ಎರಡು ಅಂಕಣಗಳು ಕಡ್ಡಾಯವಾಗಿ ಇರಲಿ. ಅದರ ಕರಡನ್ನು ಮಧ್ಯಾಹ್ನದ ಗೋಷ್ಠಿ ಸಿದ್ಧಪಡಿಸಿ ಇಲಾಖೆಗೆ ಕಳುಹಿಸಬೇಕೆಂದು ಕೇಳಿಕೊಳ್ಳುತ್ತೇನೆ.