ಅಪಘಾತ ಪರಿಹಾರ ಖೈರಾತ್ ಅಲ್ಲ

(ವಿದ್ಯಾರ್ಥಿವೇತನ ವಿತರಣಾ ಸಭೆಯಲ್ಲಿ ಮಾಡಿದ ಭಾಷಣ)



ನಿವೃತ್ತಿಯ ನಂತರ ವಿದ್ಯಾರ್ಥಿವೇತನದ ಅರ್ಜಿಗಳನ್ನು ಓದುವ ಕೆಲಸ ನನ್ನ ಪಾಲಿಗೆ ಬಂದಿದೆ. ‘ತಂದೆಯ ಉದ್ಯೋಗ’ ಎಂಬಲ್ಲಿ ‘ಅಪಘಾತವಾಗಿ ಮನೆಯಲ್ಲಿದ್ದಾರೆ’ ಎಂದು ಬರೆದ ಅರ್ಜಿಗಳು ಪ್ರತಿ ವರ್ಷ ಬರುತ್ತವೆ. ಪರಿಹಾರ ಸಿಕ್ಕಿತೇ ಎಂದು ಕೇಳಿದರೆ ಹೆಚ್ಚಾಗಿ ಎರಡೇ ಉತ್ತರ. ‘ಸ್ಥಳದಲ್ಲೇ ರಾಜಿ ಮಾಡಿಕೊಂಡೆವು ಸರ್’ ಎನ್ನುವುದು ಒಂದು. ‘ನಸೀಬಿನಲ್ಲಿದ್ದದ್ದು ಆಯಿತು, ಬೇರೆಯವರ ಹಣ ನಮಗೇಕೆ?’ ಎನ್ನುವುದು ಇನ್ನೊಂದು. ಎರಡನೆಯ ಮಾತು ಹೇಳುವವರ ಸ್ವಾಭಿಮಾನಕ್ಕೆ ನನ್ನ ಗೌರವವಿದೆ, ಆದರೆ ಮಾತು ಸರಿಯಲ್ಲ. ರಸ್ತೆಗಿಳಿಯುವ ವಾಹನಕ್ಕೆ ಥರ್ಡ್ ಪಾರ್ಟಿ ವಿಮೆ ಕಡ್ಡಾಯ ಮಾಡಿರುವುದೇ ಗಾಯಗೊಂಡವರ ನಷ್ಟ ತುಂಬಲಿಕ್ಕೆ. ಅದು ಖೈರಾತ್ ಅಲ್ಲ. ಅದನ್ನು ಕೇಳದೆ ಬಿಟ್ಟರೆ ವಿಮಾ ಕಂಪನಿ ಕೊಡಬೇಕಾದದ್ದನ್ನು ನಮ್ಮ ದಾನಿಗಳ ಝಕಾತ್ ಕೊಡುತ್ತದೆ. ಆ ಹಣ, ಕೇಳಲು ಬೇರೆ ಯಾವ ಬಾಗಿಲೂ ಇಲ್ಲದ ಮಗುವಿಗೆ ಹೋಗಬೇಕಾದದ್ದು.

ಎಷ್ಟು ಸಿಕ್ಕರೆ ನ್ಯಾಯ? ನಾನು ಮೇಷ್ಟ್ರು, ಲೆಕ್ಕ ಹಾಕಿಯೇ ಹೇಳುತ್ತೇನೆ. ತಿಂಗಳಿಗೆ 15,000 ದುಡಿಯುವ 38 ವರ್ಷದ ಗಾರೆ ಕೆಲಸದವರು ಎಂದುಕೊಳ್ಳಿ. ವರ್ಷಕ್ಕೆ 1,80,000. ಆ ವಯಸ್ಸಿಗೆ ಸುಪ್ರೀಂ ಕೋರ್ಟ್ ನಿಗದಿ ಮಾಡಿರುವ ಗುಣಕ 15. ಗುಣಿಸಿದರೆ 27 ಲಕ್ಷ. ಇಡೀ ದೇಹಕ್ಕೆ ಶೇಕಡಾ 20 ಅಂಗವೈಕಲ್ಯ ಎಂದು ವೈದ್ಯರು ಬರೆದರು. ಅದನ್ನಷ್ಟೇ ಹಿಡಿದರೆ 5,40,000 ಆಯಿತು. ಆದರೆ ಕಾಲು ಮಡಚಲಾಗದ ಮನುಷ್ಯ ಸಾರುವೆ ಹತ್ತುವುದು ಹೇಗೆ? ಅವರ ದುಡಿಮೆ ಶೇಕಡಾ 60ರಷ್ಟು ಹೋಗಿದೆ ಎಂದು ರುಜುವಾತಾದರೆ ಅದೇ ಲೆಕ್ಕ 16,20,000 ಆಗುತ್ತದೆ. ಆಸ್ಪತ್ರೆ ಖರ್ಚು, ನೋವು, ಮುಂದಿನ ಚಿಕಿತ್ಸೆ ಇವೆಲ್ಲ ಬೇರೆ.

ಇದು ನನ್ನ ಕಲ್ಪನೆಯಲ್ಲ. ಎಡಗೈ ಕಳೆದುಕೊಂಡ ಸರ್ಕಾರಿ ಗುಮಾಸ್ತರ ಸಂಬಳ ನಿಲ್ಲದಿರಬಹುದು, ಅದೇ ಕೈ ಕಳೆದುಕೊಂಡ ಬಡಗಿ ಅಥವಾ ಚಾಲಕನ ದುಡಿಮೆ ಹೆಚ್ಚುಕಡಿಮೆ ಪೂರ್ತಿ ಹೋದಂತೆಯೇ ಎಂದು ಸುಪ್ರೀಂ ಕೋರ್ಟ್ 2010ರಲ್ಲಿ ವಿವರಿಸಿದೆ. ವೈದ್ಯರ ಶೇಕಡಾವಾರು ಸಾಲದು, ಆ ಮನುಷ್ಯ ಏನು ಕೆಲಸ ಮಾಡುತ್ತಿದ್ದ ಎಂಬುದನ್ನು ನೋಡಲೇಬೇಕು. ‘ನಮ್ಮಲ್ಲಿ ಸಂಬಳದ ಚೀಟಿ ಇಲ್ಲವಲ್ಲ’ ಎಂದು ಕೇಳುತ್ತೀರಿ. ನಮ್ಮ ಕರ್ನಾಟಕದ ಒಬ್ಬ ಕೂಲಿಯವರ ಪ್ರಕರಣ ಇದೆ. ನ್ಯಾಯಮಂಡಳಿ ಅವರ ಆದಾಯವನ್ನು ತಿಂಗಳಿಗೆ 3,000ಕ್ಕೆ ಇಳಿಸಿತ್ತು. ಕೂಲಿ ಮಾಡುವವರಿಂದ ದಾಖಲೆ ನಿರೀಕ್ಷಿಸಲಾಗದು ಎಂದು ಹೇಳಿ, ಅವರು ಕೇಳಿದ್ದ 4,500ನ್ನೇ ಸುಪ್ರೀಂ ಕೋರ್ಟ್ 2011ರಲ್ಲಿ ಒಪ್ಪಿತು. ಮನೆಗೆಲಸಕ್ಕೂ ನ್ಯಾಯಾಲಯಗಳು ಬೆಲೆ ಕಟ್ಟುತ್ತವೆ. ನಮ್ಮ ಅರ್ಜಿಗಳಲ್ಲಿ ಮಾತ್ರ ತಾಯಿಯ ಉದ್ಯೋಗ ‘ಏನೂ ಇಲ್ಲ’!

ಕೇಸು ಬಹಳ ಸಲ ಕೆಡುವುದು ಮೊದಲ ದಿನವೇ. ಗುದ್ದಿದವರು ಪರಿಚಯದವರು, ಪೊಲೀಸ್ ಯಾಕೆ ಎಂದು ಆಸ್ಪತ್ರೆಯಲ್ಲಿ ‘ಬೈಕಿನಿಂದ ಜಾರಿ ಬಿದ್ದರು’ ಎಂದು ಬರೆಸುತ್ತೇವೆ. ಮುಂದೆ ವಿಮಾ ಕಂಪನಿಯ ವಕೀಲರು ಹಿಡಿದುಕೊಳ್ಳುವುದು ಆ ಒಂದು ಸಾಲನ್ನೇ. ಪರಿಚಯದವರ ಮೇಲಿನ ಪ್ರೀತಿಗೆ ಸುಳ್ಳು ಬೇಕಾಗಿಲ್ಲ. ಅವರ ವಿಮೆ ಚಾಲ್ತಿಯಲ್ಲಿದ್ದು ಪರವಾನಗಿ ಸರಿಯಿದ್ದರೆ ಹಣ ಕೊಡುವುದು ಕಂಪನಿ. ನಡೆದದ್ದನ್ನು ನಡೆದಂತೆ ಬರೆಸಿ. ಮೂಳೆ ಮುರಿದಾಗ ನೇರವಾಗಿ ನಾಟಿ ಕಟ್ಟು ಹಾಕಿಸಿಕೊಂಡು ಮನೆಗೆ ಬಂದರೂ ಇದೇ ಕಷ್ಟ, ಒಂದು ಎಕ್ಸ್‌ರೇ ಕೂಡ ಇರುವುದಿಲ್ಲ.

2022ರ ಏಪ್ರಿಲ್ 1ರಿಂದ ಜಾರಿಗೆ ಬಂದ ತಿದ್ದುಪಡಿಯಂತೆ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಹಾಕಬೇಕು. ‘ಕಾಲು ವಾಸಿಯಾಗಲಿ, ನೋಡೋಣ’ ಎಂದು ಕಾಯಬೇಡಿ. ಅಪಘಾತ ಎಲ್ಲೇ ಆಗಿರಲಿ, ನೀವು ವಾಸವಿರುವ ಊರಿನ ವ್ಯಾಪ್ತಿಯ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯಲ್ಲೇ ಹಾಕಬಹುದು. ಗುದ್ದಿದ ವಾಹನ ಪತ್ತೆಯೇ ಆಗದಿದ್ದರೂ ತೀವ್ರ ಗಾಯಕ್ಕೆ 50,000, ಮರಣಕ್ಕೆ 2 ಲಕ್ಷ ರೂಪಾಯಿಯ ಯೋಜನೆ ಇದೆ. ಕಡಿಮೆಯೇ, ಆದರೂ ಬಿಡಬೇಡಿ. ಹೆಂಗಸರಿಗೆ, ಮಕ್ಕಳಿಗೆ, ಅಂಗವಿಕಲರಿಗೆ ಕಾನೂನು ಸೇವಾ ಸಮಿತಿಯಿಂದ ಉಚಿತ ವಕೀಲರು ಸಿಗುತ್ತಾರೆ. ಬರುವ ಹಣದಲ್ಲಿ ಇಷ್ಟು ಪಾಲು ಎಂದು ಯಾವ ವಕೀಲರಾದರೂ ಕೇಳಿದರೆ, ಅದು ಅವರ ವೃತ್ತಿ ನಿಯಮಕ್ಕೇ ವಿರುದ್ಧ ಎಂದು ವಿನಯದಿಂದಲೇ ಹೇಳಿ.

ಟ್ರಸ್ಟಿನವರಲ್ಲಿ ನನ್ನದೊಂದು ಕೋರಿಕೆ. ಮುಂದಿನ ವರ್ಷದ ಅರ್ಜಿ ನಮೂನೆಯಲ್ಲಿ ಒಂದು ಸಾಲು ಸೇರಿಸಿ: ‘ಅಪಘಾತವಾಗಿದ್ದರೆ ಯಾವ ದಿನಾಂಕ? ಪರಿಹಾರದ ಅರ್ಜಿ ಹಾಕಿದ್ದೀರಾ?’ ಹಾಕಿಲ್ಲದವರು ಎಫ್‌ಐಆರ್, ಗಾಯದ ಪ್ರಮಾಣಪತ್ರ, ಆಸ್ಪತ್ರೆಯ ಬಿಲ್ಲು, ಡಿಸ್ಚಾರ್ಜ್ ಚೀಟಿ ಇವುಗಳಲ್ಲಿ ಏನಿದೆಯೋ ಅದನ್ನು ತೆಗೆದುಕೊಂಡು ಇಂದು ಸಭೆ ಮುಗಿದ ಮೇಲೆ ನನ್ನನ್ನು ಕಾಣಿ. ಅಸರ್ ನಮಾಜಿನವರೆಗೆ ಇಲ್ಲೇ ಇರುತ್ತೇನೆ.