ಹತ್ತಿಯ ಅಮಲು, ಅದಿರಿನ ಅಮಲು

ನಮ್ಮ ಉತ್ತರ ಕನ್ನಡವನ್ನು 1862ರಲ್ಲಿ ಮದ್ರಾಸ್ ಪ್ರಾಂತ್ಯದಿಂದ ಬಿಡಿಸಿ ಮುಂಬಯಿ ಪ್ರಾಂತ್ಯಕ್ಕೆ ಸೇರಿಸಿದರು. ಇದಕ್ಕೆ ದೊಡ್ಡ ಕಾರಣ ಹತ್ತಿ. ಧಾರವಾಡದ ಹತ್ತಿ ಮುಂಬಯಿ ಸರಕಾರದ ಸೀಮೆಯಲ್ಲಿ ಬೆಳೆಯುತ್ತಿತ್ತು, ಅದನ್ನು ಹಡಗಿಗೇರಿಸಬಹುದಾದ ಕಾರವಾರದ ಕೊಲ್ಲಿ ಮದ್ರಾಸಿನ ಕೈಯಲ್ಲಿತ್ತು.

1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಶುರುವಾಗಿ ಅಲ್ಲಿನ ಹತ್ತಿ ಇಂಗ್ಲೆಂಡಿನ ಗಿರಣಿಗಳಿಗೆ ಬರುವುದು ನಿಂತಿತು. ಇಲ್ಲಿಯ ಹತ್ತಿಗೆ ಹಲವು ಪಟ್ಟು ಬೆಲೆ ಬಂತು. ಮ್ಯಾಂಚೆಸ್ಟರಿನವರು ಕಂಪನಿ ಕಟ್ಟಿಕೊಂಡು ಕಾರವಾರದ ಪಕ್ಕದ ಸದಾಶಿವಗಡಕ್ಕೇ ಬಂದಿಳಿದರು. ನೋಡಿದರೆ ಘಟ್ಟದ ರಸ್ತೆಯೇ ಪೂರ್ತಿಯಾಗಿರಲಿಲ್ಲ! ಆ ಕಂಪನಿ ಹೆಚ್ಚು ಕಾಲ ಬಾಳಲಿಲ್ಲ.

ನಿಜವಾದ ಹುಚ್ಚು ಹಿಡಿದದ್ದು ಮುಂಬಯಿಗೆ. ಹತ್ತಿಯಿಂದ ಬಂದ ಹಣ ಷೇರುಗಳಿಗೆ ಹರಿಯಿತು. ಸಮುದ್ರ ತುಂಬಿಸಿ ನೆಲ ಮಾಡುತ್ತೇವೆಂದ ಬ್ಯಾಕ್ ಬೇ ಕಂಪನಿಯ 5,000 ರೂಪಾಯಿಯ ಷೇರು 50,000ಕ್ಕೆ ಏರಿತು. ಷೇರು ದಲ್ಲಾಳಿ ಪ್ರೇಮಚಂದ್ ರಾಯಚಂದರ ಮಾತೇ ಪೇಟೆಯ ದರವಾಯಿತು. ಷೇರು ಅಡವಿಟ್ಟರೆ ಬ್ಯಾಂಕು ಸಾಲ ಕೊಡುತ್ತಿತ್ತು, ಆ ಸಾಲದಲ್ಲಿ ಮತ್ತೆ ಷೇರು, ಅದರಿಂದ ಮತ್ತಷ್ಟು ಬೆಲೆ. ಯುದ್ಧ ಒಂದು ದಿನ ಮುಗಿಯುತ್ತದೆಂದು ತಿಳಿಯದಷ್ಟು ದಡ್ಡರೇ ಅವರು? ಅಲ್ಲ. ಅಷ್ಟರೊಳಗೆ ತಾನು ಮಾರಿ ಪಾರಾಗುತ್ತೇನೆಂಬುದು ಪ್ರತಿಯೊಬ್ಬನ ಲೆಕ್ಕ. ನಿನ್ನೆ ಕೊಂಡ ನೆರೆಯವನು ಇಂದು ಸಾಹುಕಾರನಾದದ್ದನ್ನು ಕಂಡ ಮೇಲೆ ಸುಮ್ಮನೆ ಕೂರುವುದೂ ಕಷ್ಟವೇ.

1865ರ ಏಪ್ರಿಲ್‌ನಲ್ಲಿ ಅಮೆರಿಕದ ದಕ್ಷಿಣ ರಾಜ್ಯಗಳ ಸೇನಾಪತಿ ಜನರಲ್ ಲೀ ಶರಣಾದ; ಯುದ್ಧ ಮುಗಿಯುತ್ತಿದ್ದಂತೆ ಹತ್ತಿಯ ಬೆಲೆ ಕುಸಿಯಿತು. ಜುಲೈ 1ರಂದು ವಾಯಿದೆ ವ್ಯವಹಾರಗಳ ಲೆಕ್ಕ ತೀರಿಸಬೇಕಿತ್ತು. ಕೊಡಲು ಯಾರ ಬಳಿಯೂ ಹಣವಿರಲಿಲ್ಲ. 2,850 ರೂಪಾಯಿ ಮುಟ್ಟಿದ್ದ ಬ್ಯಾಂಕ್ ಆಫ್ ಬಾಂಬೆ ಷೇರು 87ಕ್ಕೆ ಇಳಿಯಿತು.

ಇತ್ತ ಕಾರವಾರಕ್ಕೆ ಹೊಸ ಊರು, ಕಚೇರಿಗಳು, ರಸ್ತೆ ದಕ್ಕಿದವು. ಮುಂಬಯಿಗಿಂತ ನಾವೇ ಲಾಭದಲ್ಲಿದ್ದೆವು ಎನ್ನಬೇಕು. ಆದರೆ ನಾವು ಕಾದಿದ್ದ ರೈಲು ಮುಂದಿನ ದಶಕಗಳಲ್ಲಿ ಪೋರ್ಚುಗೀಸರ ಮುರ್ಮುಗೋವಾಕ್ಕೆ ಹೋಯಿತು, ಹತ್ತಿಯೂ ಅದರ ಹಿಂದೆ ನಡೆಯಿತು.

ಅಂಕೋಲೆಯವರಿಗೆ ಇದು ಹಳೆಯ ಕಥೆ ಅನಿಸಲಿಕ್ಕಿಲ್ಲ. 2008ರ ಬೀಜಿಂಗ್ ಒಲಿಂಪಿಕ್ಸ್‌ಗೆ ಮುನ್ನ ಚೀನಾ ಉಕ್ಕಿಗೆ ಹಸಿದಿತ್ತು. ಬಳ್ಳಾರಿಯ ಕಬ್ಬಿಣದ ಅದಿರು ಲಾರಿಗಳಲ್ಲಿ ಅರಬೈಲ್ ಘಟ್ಟ ಇಳಿದು ಅಂಕೋಲೆಯ ಬೇಲೆಕೇರಿ ಬಂದರಿಗೆ ಬಂತು. ರಸ್ತೆ ಬದಿಯ ಗಿಡಮರ ಕೆಂಪಾದವು, ಸಾಲ ಮಾಡಿ ಲಾರಿ ಕೊಂಡವರು ಹೆಚ್ಚಿದರು. ಆ ಸಾಲದ ಕಂತೆಲ್ಲ ಬೆಲೆ ಇಳಿಯದು, ಲಾರಿ ನಿಲ್ಲದು ಎಂಬ ಲೆಕ್ಕದ ಮೇಲೆ ನಿಂತಿತ್ತು. 2010ರಲ್ಲಿ ಬೇಲೆಕೇರಿಯಲ್ಲಿ ಅಕ್ರಮವೆಂದು ಜಪ್ತಿಯಾಗಿದ್ದ ಅದಿರೇ ಲಕ್ಷಗಟ್ಟಲೆ ಟನ್ ಮಾಯವಾಯಿತು. ಅದೇ ವರ್ಷದ ಜುಲೈನಲ್ಲಿ ರಾಜ್ಯ ಸರಕಾರ ರಫ್ತು ನಿಲ್ಲಿಸಿತು. ಲಾರಿಗಳು ನಿಂತವು, ಕಂತುಗಳು ನಿಲ್ಲಲಿಲ್ಲ.